ದುಡಿ, ಹಲಗಿ ಮತ್ತು ಕೊನೆಯ ಕಲ್ಲು

ನಮ್ಮ ಬಾಗೇವಾಡಿ ಸೀಮಿಯಾಗ ಜಾತ್ರಿ ಇರಲಿ, ಹೆಣ ಇರಲಿ, ಹಲಗಿ ಮುಂದ ಇರಬೇಕು. ಬಾರಿಸುವವನು ಮಾತ್ರ ಗುಡಿ ಹೊರಗ. ಸಿನಿಮಾದೊಳಗೆ ಇವನ ಸ್ಥಾನ ಎಲ್ಲಿ ಎಂಬುದು ದಲಿತ ವಿಮರ್ಶೆ ಕೇಳಲೇಬೇಕಾದ ಪ್ರಶ್ನೆ.

1975ರ ‘ಚೋಮನ ದುಡಿ’ಯನ್ನೇ ತಗೊಳ್ಳೋಣ. ಶಿವರಾಮ ಕಾರಂತರ ಕಾದಂಬರಿ, ಬಿ.ವಿ. ಕಾರಂತರ ನಿರ್ದೇಶನ. ಚೋಮನಾದವರು ರಂಗಭೂಮಿಯಲ್ಲಿ ಪಳಗಿದ ಎಂ.ವಿ. ವಾಸುದೇವರಾವ್. ಚಿತ್ರಕ್ಕೆ ಸ್ವರ್ಣಕಮಲ, ಅವರಿಗೆ ಶ್ರೇಷ್ಠ ನಟ ಪ್ರಶಸ್ತಿ ಬಂತು. ಅದು ದೊಡ್ಡ ಅಭಿನಯವೇ, ಅನುಮಾನವಿಲ್ಲ. ಆದರೆ ಚೋಮ ತನ್ನ ಸಿಟ್ಟನ್ನೆಲ್ಲ ದುಡಿಯ ಮೇಲೆ ಹಾಕಿ ಸಾಯುತ್ತಾನೆ. ನೋಡಿದವರು ಕಣ್ಣೊರಸಿಕೊಂಡು ಮನೆಗೆ ಹೋಗಬಹುದು.

ಇಂಡಿ ದಾಟಿ, ಭೀಮಾ ಹೊಳಿ ಹಿಡಿದು ಮೇಲಕ್ಕ ನಡೆದರೆ ಸೊಲ್ಲಾಪುರ ಜಿಲ್ಲೆಯ ಕರಮಾಳಾ ತಾಲೂಕು. ಅಲ್ಲಿಯ ಜೇವೂರಿನ ವಡ್ಡರ ಮನೆತನದ ನಾಗರಾಜ ಮಂಜುಳೆ ‘ಪಿಸ್ತುಲ್ಯಾ’ ಎಂಬ ಕಿರುಚಿತ್ರದಿಂದ ಶುರು ಮಾಡಿ, 2013ರಲ್ಲಿ ಮರಾಠಿಯ ‘ಫಂಡ್ರಿ’ ತೆಗೆದರು. ಕೈಕಾಡಿ ಮಾತಿನಲ್ಲಿ ಫಂಡ್ರಿ ಅಂದರೆ ಹಂದಿ. ಕಿವಿಗೊಟ್ಟರೆ ನಮ್ಮದೇ ಶಬ್ದ. ಹಂದಿ ಹಿಡಿಯುವ ಮನೆಯ ಹುಡುಗ ಜಬ್ಯಾನ ಪಾತ್ರ ಮಾಡಿದವನು ಸೋಮನಾಥ ಅವಘಡೆ. ಸ್ಟಾರೂ ಅಲ್ಲ, ನಾಟಕ ಕಲಿತವನೂ ಅಲ್ಲ. ಹಳ್ಳಿಯಲ್ಲಿ ಹಲಗಿ ಬಾರಿಸುತ್ತಿದ್ದ ಹುಡುಗ. ಶ್ರೇಷ್ಠ ಬಾಲನಟ ರಾಷ್ಟ್ರಪ್ರಶಸ್ತಿಯಲ್ಲಿ ಅವನಿಗೂ ಪಾಲು ಬಂತು.

ಇಂಥವರನ್ನು ಹೊಗಳುವ ರೂಢಿಯ ಮಾತೊಂದಿದೆ: ‘ಅವರು ನಟಿಸಲಿಲ್ಲ, ಬದುಕಿದರು.’ ಕೇಳಲು ಚೆಂದ, ಒಳಗೆ ಮೋಸ. ಮೇಲಿನವನು ಮಾಡಿದರೆ ಕಲೆ, ನಮ್ಮವ ಮಾಡಿದರೆ ಬರೀ ಬದುಕು! ಎಲ್ಲಿ ಪೆಟ್ಟು ಹಾಕಬೇಕು, ಎಲ್ಲಿ ಕೈ ತಡೀಬೇಕು ಎಂದು ಹಲಗಿಯವನಿಗೆ ಗೊತ್ತು. ಅದು ತಲೆಮಾರುಗಳ ತಾಲೀಮು. ಜಬ್ಯಾನ ತಂದೆಯಾದ ಕಿಶೋರ ಕದಂ ನುರಿತ ನಟ. ಅವರೆದುರು ಹುಡುಗ ಸಮನಾಗಿ ನಿಂತದ್ದು ಸುಮ್ಮನೆ ಅಲ್ಲ.

ಕಣ್ಣೂ ಬದಲಾಗಿದೆ. ಅಂಬೇಡ್ಕರ್, ಫುಲೆಯವರ ಚಿತ್ರ ಬರೆದ ಗೋಡೆಯ ಮುಂದೆ ಸತ್ತ ಹಂದಿ ಹೊತ್ತು ಹೋಗುವ ದೃಶ್ಯಕ್ಕೆ ವ್ಯಾಖ್ಯಾನ ಬೇಕಿಲ್ಲ. ಕೊನೆಗೆ ಜಬ್ಯಾ ಬೀಸಿದ ಕಲ್ಲು ಕ್ಯಾಮೆರಾದತ್ತ, ಅಂದರೆ ಕುಂತು ನೋಡುವ ನಮ್ಮತ್ತ ಬರುತ್ತದೆ. ಇಲ್ಲಿ ಕಣ್ಣೊರಸಿಕೊಳ್ಳಲು ಪುರುಸೊತ್ತಿಲ್ಲ.

ಈಗ ಮೊಬೈಲಿನಲ್ಲೇ ಚಿತ್ರ ತೆಗೆಯುವ ಗೆಳೆಯರು ನಮ್ಮ ಕೇರಿಗೂ ಬರುತ್ತಾರೆ. ಹಲಗಿಯವನ ಮುಖ ಬೇಕೆಂದರೆ ಪರದೆ ಮೇಲೆ ನಟ ಎಂದು ಅವನ ಹೆಸರು ಹಾಕಿರಿ, ನಟನಿಗೆ ಕೊಡುವ ಸಂಬಳ ಕೊಡಿರಿ. ಕಥೆ ಕಟ್ಟುವಾಗಲೇ ಅವನನ್ನು ಜೊತೆಗೆ ಕೂಡ್ರಿಸಿಕೊಳ್ಳಿರಿ.