ಬಣ್ಣದ ಕೋಣೆಯೂ ಗಲ್ಲಾಪೆಟ್ಟಿಗೆಯೂ: ಚಿಂದೋಡಿ ಲೀಲಾ

ನಮ್ಮ ಹಾವೇರಿ ಜಿಲ್ಲೆಯ ಐರಣಿಯಲ್ಲಿ ನಿಂತರೆ ಹೊಳೆಯ ಎದುರಿನ ದಂಡೆ ದಾವಣಗೆರೆ ಜಿಲ್ಲೆಯದು. ಆ ದಾವಣಗೆರೆಯ ಚಿಂದೋಡಿ ಲೀಲಾ ಯಾರೆಂದು ಇವತ್ತಿನ ಹುಡುಗರನ್ನು ಕೇಳಿದರೆ, ಗೊತ್ತಿದ್ದವರು ‘ಹಳೇ ಸಿನಿಮಾ ನಟಿ’ ಎಂದಾರು. 1961ರ ‘ಕಿತ್ತೂರು ಚೆನ್ನಮ್ಮ’, ಮರುವರ್ಷದ ‘ಗಾಳಿಗೋಪುರ’ ಈಗಲೂ ನೋಡಲು ಸಿಗುತ್ತವೆ. ಅವರ ನಾಟಕಗಳು ಸಿಗುವುದಿಲ್ಲ. ಆದರೆ ಸಿಕ್ಕಿದ್ದನ್ನಷ್ಟೇ ಇಟ್ಟುಕೊಂಡು ತೂಗಿದರೆ ಲೀಲಾ ಪೋಷಕ ಪಾತ್ರಗಳ ನಟಿಯಾಗಿ ಮೂಲೆಗೆ ಸರಿಯುತ್ತಾರೆ. ಅವರು ಮೊದಲಿಗೆ ನಾಟಕ ಕಂಪನಿಯ ಒಡತಿ. ಸಿನಿಮಾ ಅವರ ಬದುಕಿನ ಒಂದು ಕವಲು ಮಾತ್ರ.

ಅಪ್ಪ ಚಿಂದೋಡಿ ವೀರಪ್ಪ ಕಟ್ಟಿದ ಗುರು ಕರಿಬಸವರಾಜೇಂದ್ರ ನಾಟಕ ಮಂಡಳಿ ಜನರ ಬಾಯಲ್ಲಿ ‘ಕೆ.ಬಿ.ಆರ್. ಡ್ರಾಮಾ ಕಂಪನಿ’. ಅಲ್ಲಿ ಎಳವೆಯಲ್ಲೇ ಬಣ್ಣ ಹಚ್ಚಿದ ಲೀಲಾ ಮುಂದೆ ಅದೇ ಕಂಪನಿಯ ಹೊಣೆ ಹೊತ್ತರು. ಆ ಹೊಣೆ ಎಂಥದ್ದು? ಹೊಸ ಊರಿನಲ್ಲಿ ಮೊಕ್ಕಾಂ ಹೂಡಬೇಕೆಂದರೆ ಜಾಗ, ಪರವಾನಿಗೆ, ತಗಡು, ಬೊಂಬು, ಪರದೆ, ಲಾರಿ ಬಾಡಿಗೆ ಎಲ್ಲ ಮೊದಲೇ ಹೊಂದಿಸಬೇಕು. ಸುಗ್ಗಿಯ ದುಡ್ಡು ಜನರ ಕೈಯಲ್ಲಿ ಆಡುವಾಗ, ಬ್ಯಾಡಗಿ ಪೇಟೆಗೆ ಮೆಣಸಿನಕಾಯಿ ಚೀಲ ಬಂದು ಬೀಳುವ ದಿನಗಳಲ್ಲಿ, ಜಾತ್ರೆಗಳ ಸಾಲಿನಲ್ಲಿ, ಕಲೆಕ್ಷನ್ ಆದೀತು. ಮಳೆ ಹಿಡಿದರೆ ಆಟ ನಿಂತೀತು. ಕಲಾವಿದರ ಒಲೆ ಮಾತ್ರ ಉರಿಯಲೇಬೇಕು. ಗಲ್ಲಾದಲ್ಲಿ ಎಷ್ಟು ಬಿತ್ತೆಂಬ ಚಿಂತೆಯನ್ನು ಬಣ್ಣದ ಕೋಣೆಯಲ್ಲೇ ಬಿಟ್ಟು, ಅಂಕದ ಪರದೆ ಎದ್ದಾಗ ‘ಹಳ್ಳಿ ಹುಡುಗಿ’ ನಾಟಕದ ಹುಡುಗಿಯಾಗಿ ನಗಬೇಕು, ಕಡೆಯ ಸಾಲಿನ ನೆಲದ ಟಿಕೆಟ್ಟಿನವನಿಗೂ ಮಾತು ಮುಟ್ಟಿಸಬೇಕು. ಗಂಡಸರೇ ಮಾಲೀಕರಾಗಿದ್ದ ಈ ವ್ಯವಹಾರದಲ್ಲಿ ಹೆಣ್ಣೊಬ್ಬಳು ದಶಕಗಳ ಕಾಲ ನಿಂತದ್ದು ಯಾವ ನಾಯಕಿ ಪಾತ್ರಕ್ಕಿಂತ ಕಡಿಮೆಯದಲ್ಲ.

ಸಿನಿಮಾ ಪಾತ್ರಗಳನ್ನಷ್ಟೇ ನೋಡಿ ನಟಿಯನ್ನು ತೂಗದ ಉದಾಹರಣೆ ಬೇರೆಡೆ ಇದೆ. ಸೋವಿಯತ್ ರಷ್ಯಾದ ನಟಿ ಫೈನಾ ರಾನೆವ್‌ಸ್ಕಾಯಾ (1896–1984) ಕೂಡ ಸಿನಿಮಾದಲ್ಲಿ ಬಹುಪಾಲು ಪೋಷಕ ಪಾತ್ರಗಳನ್ನೇ ಮಾಡಿದವರು. ಆದರೂ 1961ರಲ್ಲಿ ಅಲ್ಲಿನ ಸರ್ಕಾರ ‘ಸೋವಿಯತ್ ಒಕ್ಕೂಟದ ಜನಕಲಾವಿದೆ’ ಎಂಬ ಬಿರುದು ಕೊಟ್ಟಿತು. ರಂಗಭೂಮಿಯ ದುಡಿಮೆಯೂ ಆ ಲೆಕ್ಕದಲ್ಲಿತ್ತು. ಒಂದೇ ವ್ಯತ್ಯಾಸ: ಆಕೆ ದುಡಿದ ಮಾಸ್ಕೋದ ರಂಗಮಂದಿರಗಳನ್ನು ಸರ್ಕಾರ ಸಾಕುತ್ತಿತ್ತು, ಲೀಲಾ ಅವರ ಕಂಪನಿಯನ್ನು ಟಿಕೆಟ್ ಕೊಂಡ ಜನ ಸಾಕಿದರು. ಸರ್ಕಾರಿ ಸಂಬಳದ ಹಿಂದೆ ಸೆನ್ಸಾರಿನ ಕಣ್ಣೂ ಇತ್ತೆನ್ನುವುದು ಬೇರೆ ಮಾತು.

ಕಂಪನಿ ನಾಟಕವೆಂದರೆ ದ್ವಂದ್ವಾರ್ಥದ ಹಾಸ್ಯ, ಅಬ್ಬರದ ಅಳು. ಅದಕ್ಕೇಕೆ ಇಷ್ಟು ಮನ್ನಣೆ ಎಂಬ ಆಕ್ಷೇಪ ಹಳೆಯದು. ಪೂರಾ ಸುಳ್ಳೂ ಅಲ್ಲ. ಸಿನಿಮಾ, ಆಮೇಲೆ ಟಿವಿ ಪ್ರೇಕ್ಷಕರನ್ನು ಸೆಳೆದಂತೆಲ್ಲ ಹಲವು ಕಂಪನಿಗಳು ಅಗ್ಗದ ಮಾತಿಗೆ ಇಳಿದವು. ಆದರೆ ನಾವು ಕೊಂಡಾಡುವ ಸಿನಿಮಾವೇ ಈ ಕಂಪನಿಗಳ ಪಡಸಾಲೆಯಿಂದ ಎದ್ದು ಬಂದದ್ದು: 1954ರ ‘ಬೇಡರ ಕಣ್ಣಪ್ಪ’ ಮೊದಲು ಗುಬ್ಬಿ ಕಂಪನಿಯ ನಾಟಕ, ರಾಜಕುಮಾರ್ ಅಲ್ಲೇ ಪಳಗಿದವರು. ಚಿಂದೋಡಿ ಮನೆತನದ ಅಭಿರುಚಿಗೆ ಸಾಕ್ಷಿ ಬೇಕಿದ್ದರೆ ನಮ್ಮ ಜಿಲ್ಲೆಯಲ್ಲೇ ಇದೆ. ಹಾನಗಲ್ ತಾಲ್ಲೂಕಿನ ಕಾಡಶೆಟ್ಟಿಹಳ್ಳಿಯಲ್ಲಿ ಹುಟ್ಟಿದ ಅಂಧ ಗಾಯಕ ಪಂಚಾಕ್ಷರಿ ಗವಾಯಿಗಳ ಬದುಕನ್ನು ಚಿಂದೋಡಿ ಬಂಗಾರೇಶ್ ಸಿನಿಮಾ ಮಾಡಿದರು. ಅದರ ಸಂಗೀತಕ್ಕಾಗಿ ಹಂಸಲೇಖ, ಗಾಯನಕ್ಕಾಗಿ ಎಸ್.ಪಿ. ಬಾಲಸುಬ್ರಹ್ಮಣ್ಯಂ ರಾಷ್ಟ್ರಪ್ರಶಸ್ತಿ ಪಡೆದರು. ಗವಾಯಿಗಳೂ ನಾಟಕ ಕಂಪನಿ ನಡೆಸಿದವರೇ.

1988ರ ಪದ್ಮಶ್ರೀ, ಕರ್ನಾಟಕ ನಾಟಕ ಅಕಾಡೆಮಿಯ ಅಧ್ಯಕ್ಷ ಸ್ಥಾನ ಲೀಲಾ ಅವರಿಗೆ ಸಂದವು. 2010ರ ಜನವರಿಯಲ್ಲಿ ತೀರಿಕೊಂಡರು. ಪ್ರಶಸ್ತಿ ಬಂತಲ್ಲ, ಇನ್ನೇನು ಬೇಕು ಎನ್ನಬಹುದು. ಬೇಕಾದದ್ದು ನೆನಪಿನ ದಾಖಲೆ. ಅವರ ‘ಪೊಲೀಸನ ಮಗಳು’ ನಾಟಕ ನೋಡಿದ ತಲೆಮಾರು ರಾಣೆಬೆನ್ನೂರು, ಹಾವೇರಿ, ದಾವಣಗೆರೆಯ ಮನೆಗಳಲ್ಲಿ ಇನ್ನೂ ಇದೆ. ಅಟ್ಟದ ಮೇಲೆ ಹಳೆಯ ಹ್ಯಾಂಡ್‌ಬಿಲ್ಲು, ಫೋಟೊ ಸಿಕ್ಕರೆ ರದ್ದಿಗೆ ಹಾಕಬೇಡಿ. ಹಿರಿಯರನ್ನು ಕೂರಿಸಿಕೊಂಡು ಅವರು ಕಂಡದ್ದನ್ನು ಬರೆದಿಡಿ.