ರದ್ದಾದ ಜಾತಿ ಪ್ರಮಾಣಪತ್ರ: ಹಟ್ಟಿಯಲ್ಲಿ ಕೇಳುವುದು, ಕಾನೂನಿನಲ್ಲಿ ಇರುವುದು

ಚಳ್ಳಕೆರೆ, ಮೊಳಕಾಲ್ಮುರು ಎರಡೂ ಪರಿಶಿಷ್ಟ ಪಂಗಡಕ್ಕೆ ಮೀಸಲಾದ ವಿಧಾನಸಭಾ ಕ್ಷೇತ್ರಗಳು. ನಾಯಕ ಸಮುದಾಯದ, ಅದರಲ್ಲೂ ಮ್ಯಾಸಬೇಡರ ಹಟ್ಟಿಗಳು ದಟ್ಟವಾಗಿರುವ ಸೀಮೆ. ಮಕ್ಕಳ ಓದು, ನೌಕರಿ, ಚುನಾವಣೆ ಎಲ್ಲಕ್ಕೂ ಇಲ್ಲಿ ನಾಡಕಚೇರಿಯ ಒಂದು ಹಾಳೆ ಬೇಕು. ಅದು ರದ್ದಾಯಿತೆಂದರೆ ಮನೆಯಲ್ಲಿ ಮೊದಲು ಬರುವ ಮಾತು ಒಂದೇ: ‘ಹೈಕೋರ್ಟಿಗೆ ಹೋಗೋಣ, ನಾವು ಯಾರು ಅಂತ ಜಡ್ಜೇ ಹೇಳಲಿ.’

ಸಾಮಾನ್ಯವಾಗಿ ಹೈಕೋರ್ಟ್ ಅದನ್ನು ಹೇಳುವುದಿಲ್ಲ. ರಿಟ್ ಅರ್ಜಿಯಲ್ಲಿ ನ್ಯಾಯಾಧೀಶರು ನೋಡುವುದು ಬೇರೆ: ನೋಟಿಸ್ ಕೊಟ್ಟಿದ್ದರೇ, ತನಿಖಾ ವರದಿಯ ಪ್ರತಿ ಕೊಟ್ಟು ಉತ್ತರ ಕೇಳಿದ್ದರೇ, ಆದೇಶಕ್ಕೆ ಕಾರಣ ಬರೆದಿದ್ದಾರೆಯೇ. ಲೋಪವಿದ್ದರೆ ಆದೇಶ ಬಿದ್ದುಹೋಗುತ್ತದೆ, ಆದರೆ ಹೆಚ್ಚಿನ ಸಲ ಪ್ರಕರಣ ಮತ್ತೆ ಜಾತಿ ಪರಿಶೀಲನಾ ಸಮಿತಿಯ ಮೇಜಿಗೇ ಬರುತ್ತದೆ. ಮಹಾರಾಷ್ಟ್ರದ ಅಮರಾವತಿಯ ಸಂಸದೆಯಾಗಿದ್ದ ನವನೀತ್ ಕೌರ್ ರಾಣಾ ಅವರ ಜಾತಿ ಪತ್ರವನ್ನು ಬಾಂಬೆ ಹೈಕೋರ್ಟ್ 2021ರಲ್ಲಿ ರದ್ದು ಮಾಡಿತ್ತು. 2024ರ ಏಪ್ರಿಲ್‌ನಲ್ಲಿ ಸುಪ್ರೀಂ ಕೋರ್ಟ್ ಆ ತೀರ್ಪನ್ನೇ ತಳ್ಳಿಹಾಕಿತು. ಪರಿಶೀಲನಾ ಸಮಿತಿ ದಾಖಲೆ ನೋಡಿ, ಎಲ್ಲರ ಮಾತು ಕೇಳಿ ಒಪ್ಪಿದ ಮೇಲೆ ಹೈಕೋರ್ಟ್ ಸಾಕ್ಷ್ಯವನ್ನು ಹೊಸದಾಗಿ ತೂಗುವಂತಿರಲಿಲ್ಲ ಎಂಬುದು ಅದಕ್ಕೆ ಕಾರಣ.

ಹಾಗಾಗಿ ಗೆಲುವು ಸೋಲು ಬಹುಮಟ್ಟಿಗೆ ತೀರ್ಮಾನವಾಗುವುದು ಜಿಲ್ಲಾ ಕೇಂದ್ರವಾದ ಚಿತ್ರದುರ್ಗದಲ್ಲಿ, ಬೆಂಗಳೂರಿನಲ್ಲಲ್ಲ. ರಾಜ್ಯದ 1990ರ ಮೀಸಲಾತಿ ಕಾಯ್ದೆಯಂತೆ ತಹಶೀಲ್ದಾರರ ಆದೇಶ ಒಪ್ಪದವರು 30 ದಿನದೊಳಗೆ ಉಪವಿಭಾಗಾಧಿಕಾರಿಗೆ ಮೇಲ್ಮನವಿ ಸಲ್ಲಿಸಬೇಕು. ಸಿಂಧುತ್ವ ನೋಡುವುದು ಜಿಲ್ಲಾ ಜಾತಿ ಪರಿಶೀಲನಾ ಸಮಿತಿ. ಅದರ ಆದೇಶದ ಮೇಲೂ ಅದೇ ಕಾಯ್ದೆಯಲ್ಲಿ ಮೇಲ್ಮನವಿಗೆ ದಾರಿಯಿದೆ. ಈ ಮೆಟ್ಟಿಲುಗಳನ್ನು ಬಿಟ್ಟು ನೇರ ರಿಟ್ ಹಾಕಿದವರನ್ನು ಕೋರ್ಟ್ ಸಾಮಾನ್ಯವಾಗಿ ವಾಪಸ್ ಕಳಿಸುತ್ತದೆ, ಅಷ್ಟರಲ್ಲಿ ಗಡುವು ದಾಟಿರುತ್ತದೆ. ನೋಟಿಸ್ ತೆಗೆದುಕೊಳ್ಳದಿದ್ದರೆ ಕೇಸೇ ನಡೆಯುವುದಿಲ್ಲ ಎಂಬ ನಂಬಿಕೆಯಂತೂ ಅಪಾಯಕಾರಿ. ಅಂಥವರ ಗೈರುಹಾಜರಿಯಲ್ಲೇ ಆದೇಶವಾಗುತ್ತದೆ.

ಇನ್ನೊಂದು ಭಯ ನನ್ನನ್ನು ಹೆಚ್ಚು ಕಾಡುತ್ತದೆ. ಮ್ಯಾಸಬೇಡರಲ್ಲಿ ದೇವರೆತ್ತುಗಳಿವೆ, ಅವನ್ನು ಕಾಯುವ ಕಿಲಾರಿಗಳಿದ್ದಾರೆ, ಕೋಳಿ ಮುಟ್ಟದ ಕಟ್ಟುಪಾಡಿದೆ. ಬೆಂಗಳೂರಿನ ಹಾಸ್ಟೆಲಿನಲ್ಲಿ ಬೆಳೆದ ಹುಡುಗಿಗೆ ತನ್ನ ಕುಲದೇವರ ಗುಡಿಕಟ್ಟಿನ ಹೆಸರು ಗೊತ್ತಿಲ್ಲದಿದ್ದರೆ ಅವಳ ಪಂಗಡ ಸುಳ್ಳಾಗುತ್ತದೆಯೇ? ಇಲ್ಲ. 2023ರ ಮಾರ್ಚ್‌ನಲ್ಲಿ ಸುಪ್ರೀಂ ಕೋರ್ಟಿನ ಮೂವರು ನ್ಯಾಯಮೂರ್ತಿಗಳ ಪೀಠ ಇದನ್ನು ಸ್ಪಷ್ಟಪಡಿಸಿತು: ಆಚಾರದ ಪರೀಕ್ಷೆಯೊಂದೇ ಅಂತಿಮವಲ್ಲ, ಸಂವಿಧಾನಕ್ಕಿಂತ ಹಿಂದಿನ ದಾಖಲೆಗಳಿಗೆ ಅತಿ ಹೆಚ್ಚು ಬೆಲೆ. ಅಂದರೆ ತಾತ ಓದಿದ ಶಾಲೆಯ ದಾಖಲಾತಿ ಪುಸ್ತಕದ ಒಂದು ಸಾಲು ಹತ್ತು ಜನರ ಹೇಳಿಕೆಗಿಂತ ಭಾರ. ಆ ಸಾಲಿನಲ್ಲಿ ‘ಬೇಡ’ ಎಂದಿದ್ದು, ಅಪ್ಪನ ಟಿಸಿಯಲ್ಲಿ ‘ನಾಯಕ’, ಮಗಳದರಲ್ಲಿ ‘ವಾಲ್ಮೀಕಿ’ ಎಂದಿದ್ದರೆ ಗಾಬರಿಪಡಬೇಕಿಲ್ಲ. 1991ರ ತಿದ್ದುಪಡಿಯ ನಂತರ ಕರ್ನಾಟಕದ ಪರಿಶಿಷ್ಟ ಪಂಗಡಗಳ ಪಟ್ಟಿಯಲ್ಲಿ ಈ ಹೆಸರುಗಳು ಒಂದೇ ನಮೂದಿನಡಿ ಇವೆ. ಪಟ್ಟಿಯಲ್ಲಿಲ್ಲದ ಹೆಸರನ್ನು ಮಾತ್ರ ‘ಅದೂ ನಾವೇ’ ಎಂದು ಕೋರ್ಟಿನಲ್ಲಿ ಸೇರಿಸಲಾಗದು. ಪಟ್ಟಿಯನ್ನು ಬದಲಿಸುವ ಅಧಿಕಾರ ಸಂಸತ್ತಿನದು ಎಂದು 2000ದಲ್ಲಿ ಸುಪ್ರೀಂ ಕೋರ್ಟಿನ ಐವರು ನ್ಯಾಯಮೂರ್ತಿಗಳ ಪೀಠ ಹೇಳಿದೆ. ತಳವಾರ, ಪರಿವಾರ ಹೆಸರುಗಳು 2020ರಲ್ಲಿ ಸೇರಿದ್ದೂ ಸಂಸತ್ತಿನ ಮೂಲಕವೇ.

ಗಡಿಯ ಕಥೆ ಇನ್ನೂ ಕಠಿಣ. ಮೊಳಕಾಲ್ಮುರಿನ ಆಚೆ ರಾಯದುರ್ಗ, ಆಂಧ್ರ. ಎರಡೂ ಕಡೆ ಹೆಣ್ಣು ಕೊಟ್ಟು ತರುವ ಸಂಬಂಧಗಳಿವೆ, ಮನೆಮಾತು ತೆಲುಗಾದ ಕುಟುಂಬಗಳು ಈ ಕಡೆಯೂ ಬೇಕಾದಷ್ಟಿವೆ. ಆದರೆ ಅನಂತಪುರ ಸೀಮೆಯ ಬೋಯ, ವಾಲ್ಮೀಕಿಗಳು ಅಲ್ಲಿ ಹಿಂದುಳಿದ ವರ್ಗ, ಪರಿಶಿಷ್ಟ ಪಂಗಡವಲ್ಲ. ಅವರನ್ನು ಸೇರಿಸಬೇಕೆಂದು ಆಂಧ್ರ ವಿಧಾನಸಭೆ 2017ರಲ್ಲೂ 2023ರಲ್ಲೂ ನಿರ್ಣಯ ಮಾಡಿತು. ನಿರ್ಣಯದಿಂದಲೇ ಪಟ್ಟಿ ಬದಲಾಗುವುದಿಲ್ಲ. ಮದುವೆಯಾಗಿ ಈ ಕಡೆ ಬಂದ ಹೆಣ್ಣುಮಗಳು ಗಂಡನ ಪತ್ರ ತೋರಿಸಿ ಪರಿಶಿಷ್ಟ ಪಂಗಡದ ಪತ್ರ ಪಡೆದರೆ ಅದು ಕೋರ್ಟಿನಲ್ಲಿ ನಿಲ್ಲುವುದು ಕಷ್ಟ, ಏಕೆಂದರೆ ಜಾತಿ ಹುಟ್ಟಿನಿಂದ, ಮದುವೆಯಿಂದಲ್ಲ. ಒಂದೇ ಕುಲದ ಜನರನ್ನು ರಾಜ್ಯದ ಗೆರೆ ಹೀಗೆ ಎರಡು ಮಾಡಿರುವುದು ಅನ್ಯಾಯವೆಂದೇ ನನಗನಿಸುತ್ತದೆ. ಆದರೆ ಅದಕ್ಕೆ ಪರಿಹಾರ ದೆಹಲಿಯಲ್ಲಿದೆ, ತಹಶೀಲ್ದಾರರ ಸಹಿಯಲ್ಲಿಲ್ಲ.

ಪತ್ರ ರದ್ದಾದೊಡನೆ ಶಾಸಕ ಸ್ಥಾನ ತಾನಾಗಿ ಹೋಗುತ್ತದೆ ಎಂದು ಚುನಾವಣೆ ಹೊತ್ತಿಗೆ ಕೇಳಿಬರುತ್ತದೆ. ಹಾಗಿಲ್ಲ. ಆಯ್ಕೆ ಪ್ರಶ್ನಿಸುವ ಮಾರ್ಗ ಹೈಕೋರ್ಟಿನಲ್ಲಿ ಚುನಾವಣಾ ತಕರಾರು ಅರ್ಜಿ, ಅದೂ ಫಲಿತಾಂಶದ 45 ದಿನದೊಳಗೆ.

ನೌಕರಿಯ ವಿಷಯಕ್ಕೆ ಬಂದರೆ, ‘ಪತ್ರ ಕೊಟ್ಟವರು ಅಧಿಕಾರಿಗಳು, ನಾನೇನೂ ಮೋಸ ಮಾಡಿಲ್ಲ, ಹಾಗಾಗಿ ಕೆಲಸ ಉಳಿಯುತ್ತದೆ’ ಎಂಬ ನೆಮ್ಮದಿಗೆ ಗಟ್ಟಿ ನೆಲವಿಲ್ಲ. ಪತ್ರ ಸುಳ್ಳೆಂದು ಸಾಬೀತಾದರೆ ಉದ್ದೇಶ ಏನಿತ್ತು ಎಂಬುದು ಮುಖ್ಯವಲ್ಲ, ಅದರಿಂದ ಸಿಕ್ಕಿದ ಹುದ್ದೆ, ಸೀಟು ನಿಲ್ಲದು ಎಂದು ಮಹಾರಾಷ್ಟ್ರದ ಪ್ರಕರಣಗಳಲ್ಲಿ 2017ರಲ್ಲಿ ಸುಪ್ರೀಂ ಕೋರ್ಟ್ ಹೇಳಿದೆ. 2024ರ ಆಗಸ್ಟ್‌ನಲ್ಲಿ ಅದೇ ಕೋರ್ಟಿನ ತೀರ್ಪಿನಿಂದ ಕರ್ನಾಟಕದ ಕೆಲವು ಬ್ಯಾಂಕ್ ನೌಕರರ ಕೆಲಸ ಉಳಿದದ್ದು ನಿಜ. ಅವರ ಜಾತಿಗಳನ್ನು ಪರಿಶಿಷ್ಟರ ಸಮಾನಾರ್ಥಕವೆಂದು ಸುತ್ತೋಲೆ ಹೊರಡಿಸಿದ್ದು ರಾಜ್ಯ ಸರ್ಕಾರವೇ. ತಪ್ಪು ಗೊತ್ತಾದ ಮೇಲೆ 2003ರಲ್ಲಿ ಅವರ ಸೇವೆಗೆ ರಕ್ಷಣೆ ಕೊಟ್ಟದ್ದೂ ಸರ್ಕಾರವೇ. ಆದರೂ ಮುಂದಕ್ಕೆ ಅವರು ಸಾಮಾನ್ಯ ವರ್ಗದವರು. ಅಂಥ ಸುತ್ತೋಲೆ ಕೈಯಲ್ಲಿಲ್ಲದವರು ಆ ತೀರ್ಪನ್ನು ನೆಚ್ಚಿಕೊಂಡು ಕೂರುವಂತಿಲ್ಲ.