ಮಂಜಿನೂರಿನಲ್ಲಿ ಮೆರುಗು

ಮೆರುಗು ಎಂದರೆ ಹೊಳಪು. ಮೆರುಗು ಕೊಡು, ಮೆರುಗು ಏರಿಸು, ಮೆರುಗು ತರು ಎಂದರೆ ಮಾಸಿದ ಮೈಯನ್ನು ಉಜ್ಜಿ ತೀಡಿ ಮತ್ತೆ ಹೊಳೆಯುವಂತೆ ಮಾಡು. ಮರಕ್ಕೆ ಬಳಿಯುವ ವಾರ್ನಿಷ್‌ಗೆ ಕನ್ನಡ ನಿಘಂಟುಗಳು ಕೊಡುವ ಹೆಸರು ಮೆರುಗೆಣ್ಣೆ. ಆದರೆ ಪೀಠೋಪಕರಣದ ಅಂಗಡಿಗಳಲ್ಲಿ ಈಗ ಆ ಪದ ಕಿವಿಗೆ ಬೀಳುವುದಿಲ್ಲ. ಮಂಚ ಮಾಸಿದರೆ ಮನೆಯವರು ‘ಪಾಲಿಶ್ ಹಾಕಿಸಬೇಕು’ ಎನ್ನುತ್ತಾರೆ. ಬಡಗಿಯೂ ಚೀಟಿಯಲ್ಲಿ ಪಾಲಿಶ್ ಎಂದೇ ಬರೆಯುತ್ತಾನೆ. ಮೆರುಗು ಮರವನ್ನು ಬಿಟ್ಟು ಪತ್ರಿಕೆಗಳನ್ನು ಸೇರಿತು. ದಸರೆಗೆ ಮೆರುಗು ತಂದ ಜಂಬೂಸವಾರಿ, ಹಳೆಯ ಕಟ್ಟಡಕ್ಕೆ ಹೊಸ ಮೆರುಗು, ಸಮಾರಂಭದ ಮೆರುಗು ಹೆಚ್ಚಿಸಿದ ಗಣ್ಯರು. ವಾಚ್ಯಾರ್ಥ ಇಂಗ್ಲಿಷ್ ಪದದ ಪಾಲಾಗಿ ಲಕ್ಷ್ಯಾರ್ಥ ಮಾತ್ರ ಕನ್ನಡಕ್ಕೆ ಉಳಿದಿದೆ. ಕೈಕೆಲಸದ ಮಾತೊಂದು ಕೈಯಿಂದ ಜಾರಿ ಅಲಂಕಾರವಾಗುವುದು ಹೀಗೆ.

ಈ ಮಾತಿನ ಎರಡು ಬದುಕನ್ನೂ ಒಟ್ಟಿಗೆ ನೋಡಲು ನೀಲಗಿರಿ ಜಿಲ್ಲೆಯಷ್ಟು ತಕ್ಕ ಜಾಗ ಅಪರೂಪ. ಗೂಡಲೂರಿನ ಪೇಟೆಯಲ್ಲಿ ಕನ್ನಡ, ತಮಿಳು, ಮಲಯಾಳ ಮೂರೂ ಒಂದೇ ಬೀದಿಯಲ್ಲಿ ಓಡಾಡುತ್ತವೆ, ಮೆರುಗಿನ ನಂಟರು ಮೂರರಲ್ಲೂ ಇದ್ದಾರೆ. ತಮಿಳಿನಲ್ಲೂ ಅದು ಮೆರುಗೇ. ಹೊಳಪು ಹೆಚ್ಚಿಸುವುದಕ್ಕೆ ‘ಮೆರುಗೇಟ್ರು’ ಎನ್ನುತ್ತಾರೆ, ಚಿನ್ನಕ್ಕೂ ಸರಿ, ಬರವಣಿಗೆಗೂ ಸರಿ. ಮಲಯಾಳಿಗಳು ‘ಮಿನುಕ್ಕುಗ’ ಎನ್ನುತ್ತಾರೆ, ನಮ್ಮ ಮಿನುಗಿನ ದಾಯಾದಿ ಅದು. ಕಥಕಳಿಯಲ್ಲಿ ಸ್ತ್ರೀಯರ ಮತ್ತು ಋಷಿಗಳ ಸೌಮ್ಯ ವೇಷಕ್ಕೆ ಮಿನುಕ್ಕು ಎಂದೇ ಹೆಸರು. ತೆಲುಗಿನಲ್ಲಂತೂ ಮೆರುಗು ಹೊಳಪನ್ನು ದಾಟಿ ‘ಮೇಲು, ಉತ್ತಮ’ ಎಂಬ ಅರ್ಥಕ್ಕೆ ಹೋಗಿ ನಿಂತಿದೆ. ಅಲ್ಲಿ ‘ಮೆರುಗುಪರಚು’ ಎಂದರೆ ಸುಧಾರಿಸು. ಒಂದೇ ಪದ ದಕ್ಷಿಣದ ಭಾಷೆಗಳಲ್ಲಿ ಎಷ್ಟು ದೂರ ನಡೆದಿದೆ ಎಂಬುದಕ್ಕೆ ಇದಕ್ಕಿಂತ ಒಳ್ಳೆಯ ಉದಾಹರಣೆ ಹುಡುಕಬೇಕಿಲ್ಲ.

ಕನ್ನಡದಲ್ಲಿ ಮೆರುಗಿಗೆ ಜೊತೆಯಾಗಿ ಇನ್ನೊಂದು ಹಳೆಯ ಪದವಿದೆ: ಒಪ್ಪ. ಒಪ್ಪವಿಡು ಎಂದರೆ ನಯಗೊಳಿಸು, ಕೊನೆಯ ಹೊಳಪು ಕೊಡು. ಮನೆ ಒಪ್ಪ ಓರಣವಾಗಿದೆ ಎಂದಾಗ ನಾವು ಬಳಸುವುದು ಅದನ್ನೇ. ಅರಸರ ಶಾಸನದ ಕೊನೆಯಲ್ಲಿ ಬರುವ ರುಜುವಿಗೂ ಒಪ್ಪ ಎಂಬ ಹೆಸರಿದೆ. ಮಲಯಾಳದಲ್ಲಿ ಇಂದಿಗೂ ರುಜು ಹಾಕುವುದೆಂದರೆ ‘ಒಪ್ಪು’ ಹಾಕುವುದು. ಕೆಲಸ ಮುಗಿಯಿತು, ಇನ್ನು ಕೈ ಆಡಿಸಬೇಕಾದ್ದಿಲ್ಲ ಎಂಬ ಘಟ್ಟ ಹೊಳಪಿಗೂ ರುಜುವಿಗೂ ಒಂದೇ.

ಇಲ್ಲೊಂದು ಗೊಂದಲವನ್ನು ಬಿಡಿಸಿಡಬೇಕು. ನೀಲಗಿರಿಯ ಬಡಗರ ಹೆಸರಿಗೂ ಮರಗೆಲಸದ ಬಡಗಿಗೂ ಸಂಬಂಧವಿಲ್ಲ. ಬಡಗರೆಂದರೆ ಬಡಗಣ ದಿಕ್ಕಿನಿಂದ, ಅಂದರೆ ಮೈಸೂರು ಸೀಮೆಯ ಕಡೆಯಿಂದ ಬಂದವರು. ಅವರ ನುಡಿ ಕನ್ನಡಕ್ಕೆ ತೀರಾ ಹತ್ತಿರದ್ದು. ಬಡಗಿ ಎಂಬುದು ಸಂಸ್ಕೃತದ ವರ್ಧಕಿಯ ತದ್ಭವ.

ಉದಕಮಂಡಲದಲ್ಲಿ, ಅಂದರೆ ಊಟಿಯಲ್ಲಿ, ಮೆರುಗಿನ ಕೆಲಸಕ್ಕೆ ಬೇಡಿಕೆ ಹುಟ್ಟಿದ್ದು ಬಂಗಲೆಗಳಿಂದ. ಕೊಯಮತ್ತೂರಿನ ಕಲೆಕ್ಟರ್ ಜಾನ್ ಸಲಿವನ್ 1822ರಲ್ಲಿ ಕಟ್ಟಲು ತೊಡಗಿದ ಕಲ್ಲು ಬಂಗಲೆ ಊಟಿಯ ಮೊದಲ ಯುರೋಪಿಯನ್ ಮನೆ. ಮುಂದಿನ ದಶಕಗಳಲ್ಲಿ ಮನೆಗಳು, ಕ್ಲಬ್ಬು, ಚರ್ಚು, ಗ್ರಂಥಾಲಯ ಎದ್ದವು. 1844ರಲ್ಲಿ ಬಂಗಲೆಯಾಗಿ ಎದ್ದ ಫರ್ನ್‌ಹಿಲ್ ಮುಂದೆ ಮೈಸೂರು ಅರಸರ ಬೇಸಿಗೆಯ ಅರಮನೆಯಾಯಿತು. ಇಷ್ಟು ಮನೆಗಳಿಗೆ ಬೇಕಾದ ತೇಗ, ಬೀಟೆ ಗೂಡಲೂರು, ಮುದುಮಲೆ ಮತ್ತು ಘಟ್ಟದ ಕೆಳಗಿನ ನಿಲಂಬೂರು ಸೀಮೆಯ ಕಾಡುಗಳಲ್ಲಿತ್ತು. ಇಂದು ಪ್ರವಾಸಿಗರು ಆನೆಗಳಿಗೆ ಮುದ್ದೆ ತಿನ್ನಿಸುವುದನ್ನು ನೋಡಲು ಹೋಗುವ ತೆಪ್ಪಕಾಡು ಬಿಡಾರದ ಆನೆಗಳು ಹಿಂದೆ ಮರದ ದಿಮ್ಮಿ ಎಳೆಯುತ್ತಿದ್ದವು.

ಊಟಿಯ ಮರದ ಕತೆಗಳಲ್ಲಿ ಕನ್ನಡಿಗರು ತಿಳಿದಿರಲೇಬೇಕಾದದ್ದು ಸೇಂಟ್ ಸ್ಟೀಫನ್ಸ್ ಚರ್ಚಿನದು. ಮದ್ರಾಸಿನ ಗವರ್ನರ್ ಸ್ಟೀಫನ್ ರಂಬೋಲ್ಡ್ ಲಷಿಂಗ್ಟನ್ 1829ರಲ್ಲಿ ಇದಕ್ಕೆ ಅಡಿಗಲ್ಲು ಹಾಕಿದರು. 1831ರ ಈಸ್ಟರ್ ಹಬ್ಬಕ್ಕೆ ಬಾಗಿಲು ತೆರೆಯಿತು. ಅದರ ದೊಡ್ಡ ತೊಲೆಗಳು ಬಂದದ್ದು ಶ್ರೀರಂಗಪಟ್ಟಣದಿಂದ, ಟಿಪ್ಪುವಿನ ಅರಮನೆಯನ್ನು ಕೆಡವಿದಾಗ ಸಿಕ್ಕ ತೇಗದಿಂದ. ಆನೆಗಳು ಅವನ್ನು ಬೆಟ್ಟ ಹತ್ತಿಸಿದವು ಎಂದು ಊರವರು ಹೇಳುತ್ತಾರೆ. ಸುಲ್ತಾನನ ಸೂರು ಹೊತ್ತಿದ್ದ ಮರ ಕ್ರೈಸ್ತರ ಪ್ರಾರ್ಥನಾಮಂದಿರದ ಸೂರು ಹೊತ್ತು ಎರಡು ಶತಮಾನ ಸಮೀಪಿಸುತ್ತಿದೆ. ಕಾವೇರಿ ತೀರದ ಬಿಸಿಲು ಕಂಡಿದ್ದ ಆ ತೊಲೆಗಳು ಈ ಮಂಜನ್ನೂ ತಡೆದುಕೊಂಡಿವೆ. ಕಟ್ಟಡ ಹೋಗಿ ಮರ ಉಳಿಯುತ್ತದೆ ಎಂಬುದನ್ನು ಕಣ್ಣಾರೆ ಕಾಣಬೇಕಾದವರು ಅಲ್ಲಿ ತಲೆಯೆತ್ತಿ ನೋಡಬೇಕು. ಶ್ರೀರಂಗಪಟ್ಟಣಕ್ಕೆ ಹೋಗಿ ಬರುವ ನೂರಾರು ಜನರಲ್ಲಿ ಈ ನಂಟು ಗೊತ್ತಿರುವವರು ಕೆಲವರೇ.

ಆ ಕಾಲದ ಪೀಠೋಪಕರಣಗಳಿಗೆ ಹಾಕುತ್ತಿದ್ದದ್ದು ಫ್ರೆಂಚ್ ಪಾಲಿಶ್. ಹೆಸರು ಫ್ರೆಂಚರದಾದರೂ ವಸ್ತು ನಮ್ಮದೇ, ಅರಗು. ಮುತ್ತುಗ, ಬೋರೆ ಮುಂತಾದ ಮರಗಳ ಎಳೆ ಕೊಂಬೆಗೆ ಅಂಟಿಕೊಂಡು ಬದುಕುವ ಸಣ್ಣ ಕೀಟ ತನ್ನ ಸುತ್ತ ಸ್ರವಿಸುವ ರಾಳ ಅದು. ಕೌರವರು ಪಾಂಡವರಿಗೆ ಕಟ್ಟಿಸಿದ್ದು ಅರಗಿನ ಮನೆ, ಅಂಚೆ ಕಚೇರಿಯಲ್ಲಿ ಕರಗಿಸಿ ಮುದ್ರೆ ಒತ್ತುತ್ತಿದ್ದದ್ದು ಅರಗು, ಚನ್ನಪಟ್ಟಣದ ಬೊಂಬೆಯ ಬಣ್ಣ ಅರಗು. ಪ್ಲಾಸ್ಟಿಕ್ಕಿನ ತಟ್ಟೆಗಳು ಬರುವ ಮೊದಲು ಗ್ರಾಮಫೋನಿನ ತಟ್ಟೆಯೂ ಅರಗಿನದೇ. ಪೆಟ್ಟಿಗೆಯ ಮೇಲಿನ ಹೊಳಪು, ಒಳಗಿನ ಹಾಡು ಎರಡೂ ಒಂದೇ ಕೀಟದ ಕೊಡುಗೆ. ಯುರೋಪಿನಲ್ಲಿ ಈ ಪಾಲಿಶ್ ಹೆಸರು ಮಾಡಿದ್ದು 19ನೇ ಶತಮಾನದ ಮೊದಲ ದಶಕಗಳಲ್ಲಿ, ಊಟಿಯಲ್ಲಿ ಬಂಗಲೆಗಳು ಏಳುತ್ತಿದ್ದ ಹೊತ್ತಿಗೇ. ಹಡಗಿನಲ್ಲಿ ಹೋದ ಅರಗು ಹೊಸ ಹೆಸರು ಹೊತ್ತು ತನ್ನ ನಾಡಿಗೇ ಮರಳಿತು.

ಮರಕ್ಕೆ ಮತ್ತೆ ಮೆರುಗು ಕೊಡುವ ಕೆಲಸ ಹಚ್ಚುವುದರಿಂದ ಶುರುವಾಗುವುದಿಲ್ಲ, ತೆಗೆಯುವುದರಿಂದ ಶುರುವಾಗುತ್ತದೆ. ಮೊದಲು ಮೂಲೆಯಲ್ಲಿ ಒಂದು ಹನಿ ಸ್ಪಿರಿಟ್ ಹಾಕಿ ನೋಡುತ್ತಾರೆ. ಹಳೆಯ ಪದರ ಮೆತ್ತಗಾಗಿ ಬೆರಳಿಗೆ ಅಂಟಿದರೆ ಅದು ಅರಗು. ಕೊಳೆ, ಎಣ್ಣೆ, ಮೇಣ ಒರೆಸಿ, ಕೆಟ್ಟ ಪದರವನ್ನು ಸ್ಪಿರಿಟ್ ಬಟ್ಟೆಯಿಂದಲೋ ಗಾಜಿನ ಚೂರಿನಿಂದಲೋ ಹೆರೆದು, ಮರಳು ಕಾಗದದಿಂದ ಎಳೆಯ ಉದ್ದಕ್ಕೆ ಉಜ್ಜುತ್ತಾರೆ. ತಮಿಳು ಕೆಲಸಗಾರರ ಬಾಯಲ್ಲಿ ಆ ಕಾಗದ ‘ಉಪ್ಪುತ್ತಾಳ್’. ಎಳೆಗೆ ಅಡ್ಡ ಉಜ್ಜಿದರೆ ಗೀರು ಬೀಳುತ್ತದೆ, ಮೆರುಗು ಬಂದ ಮೇಲೆ ಆ ಗೀರು ಇನ್ನಷ್ಟು ಎದ್ದು ಕಾಣುತ್ತದೆ. ಸೀಮೆಸುಣ್ಣದ ಪುಡಿಗೆ ಕಾವಿ ಬೆರೆಸಿ ಸಣ್ಣ ತೂತುಗಳನ್ನು ಮುಚ್ಚಿ ಇನ್ನೊಮ್ಮೆ ಉಜ್ಜುವುದೂ ಉಂಟು.

ಆಮೇಲಿನದು ಕೈಯ ಕೆಲಸ. ಲೀಟರ್ ಸ್ಪಿರಿಟ್‌ಗೆ ಸುಮಾರು 150ರಿಂದ 200 ಗ್ರಾಂ ಅರಗು ನೆನೆಹಾಕಿ ಕರಗಿಸಿ ಸೋಸಬೇಕು. ಹತ್ತಿಯನ್ನು ಹಳೆಯ ಮೆತ್ತನೆ ಬಟ್ಟೆಯಲ್ಲಿ ಕಟ್ಟಿದ ಉಂಡೆಯೇ ಇಲ್ಲಿ ಕುಂಚ. ಉಂಡೆಗೆ ಅರಗು ಕುಡಿಸಿ, ತಳಕ್ಕೆ ಒಂದು ತೊಟ್ಟು ಎಣ್ಣೆ ಸವರಿ, ಮರದ ಮೇಲೆ ಸುತ್ತು ಸುತ್ತಾಗಿ, ಇಂಗ್ಲಿಷಿನ ಎಂಟರ ಅಂಕಿಯ ಹಾಗೆ, ನಿಲ್ಲಿಸದೆ ಆಡಿಸಬೇಕು. ಕೈ ನಿಂತರೆ ಉಂಡೆ ಅಲ್ಲೇ ಕಚ್ಚಿಕೊಂಡು ಕಲೆ ಉಳಿಯುತ್ತದೆ. ಹತ್ತಾರು ತೆಳು ಪದರ, ನಡುವೆ ರಾತ್ರಿಯ ಬಿಡುವು, ಕೊನೆಗೆ ಎಣ್ಣೆ ಎತ್ತಲು ಬರೀ ಸ್ಪಿರಿಟ್‌ನ ಸವರಿಕೆ. ಹೊಸ ಪದರದ ಸ್ಪಿರಿಟ್ ಹಳೆಯ ಪದರದ ಮೈಯನ್ನು ಒಂದಿಷ್ಟು ಕರಗಿಸುತ್ತದೆ, ಎರಡೂ ಬೆಸೆದು ಒಂದಾಗುತ್ತವೆ. ಈಗಿನ ಪಿಯು (ಪಾಲಿಯುರೇಥೇನ್), ಮೆಲಮೈನ್ ಪದರಗಳಿಗೆ ಈ ಗುಣವಿಲ್ಲ. ಅವು ಒಮ್ಮೆ ಗಟ್ಟಿಯಾದರೆ ಹೊಸತು ಹಳೆಯದರ ಮೇಲೆ ಕೂರುತ್ತದೆಯೇ ಹೊರತು ಅದರೊಳಗೆ ಸೇರುವುದಿಲ್ಲ. ಕೆಟ್ಟರೆ ಪೂರ್ತಿ ಕಿತ್ತು ಹಾಕಬೇಕು. ಅರಗಿನ ಹೊಳಪನ್ನು ಮಾತ್ರ ತಲೆಮಾರಿನಿಂದ ತಲೆಮಾರಿಗೆ ನವೀಕರಿಸುತ್ತ ಹೋಗಬಹುದು. ‘ಹೊಸ ಮೆರುಗು’ ಎಂಬ ಮಾತಿಗೆ ನಿಜವಾದ ಅರ್ಥ ಇರುವುದು ಇಲ್ಲಿ.

ಊಟಿಯಲ್ಲಿ ಈ ಕೆಲಸಕ್ಕೆ ಶತ್ರು ಮಂಜು. ಸ್ಪಿರಿಟ್ ಆರುವಾಗ ಮರದ ಮೈ ತಣ್ಣಗಾಗುತ್ತದೆ, ಗಾಳಿಯ ತೇವ ಅಲ್ಲಿ ಇಬ್ಬನಿಯಂತೆ ಕೂರುತ್ತದೆ, ಸ್ಪಿರಿಟ್ ಕೂಡ ನೀರನ್ನು ಎಳೆದುಕೊಳ್ಳುತ್ತದೆ. ಆಗ ಕೆಂಪಗೆ ಹೊಳೆಯಬೇಕಾದ ಬೀಟೆಯ ಮೇಲೆ ಹಾಲಿನ ಕೆನೆಯಂತೆ ಬಿಳುಪು ಕಟ್ಟುತ್ತದೆ. ಬಿಸಿ ಕಾಫಿ ಲೋಟ ಇಟ್ಟ ಮೇಜಿನ ಮೇಲೆ ಮೂಡುವ ಬಿಳಿ ಉಂಗುರ ಇದರದೇ ತಮ್ಮ. ಸುಮಾರು 2,240 ಮೀಟರ್ ಎತ್ತರದ ಈ ಊರಿಗೆ ಜೂನಿನಿಂದ ಮುಂಗಾರು, ಅಕ್ಟೋಬರಿನಿಂದ ಹಿಂಗಾರು. ಎರಡರ ನಡುವೆ ಬೆಳಗ್ಗೆ ಹಾಕಿದ ಪದರ ಮಧ್ಯಾಹ್ನದ ಮಂಜಿಗೆ ಸಿಕ್ಕರೆ ದಿನದ ದುಡಿಮೆ ಹಾಳು. ಜನವರಿಯಿಂದ ಮಾರ್ಚ್‌ವರೆಗಿನ ಒಣ ಬಿಸಿಲೇ ಪಾಲಿಶ್‌ನ ಸುಗ್ಗಿ. ಉಳಿದ ತಿಂಗಳುಗಳಲ್ಲಿ ಒಲೆಯ ಕಾವಿರುವ ಮುಚ್ಚಿದ ಕೋಣೆ ಬೇಕು. ಗೂಡಲೂರಿನ ಮುಂಗಾರು ಇನ್ನೂ ಬಿರುಸು. ಕಲ್ಲಟ್ಟಿ ಘಾಟಿಯ 36 ಹಿಮ್ಮುರಿ ತಿರುವು ಇಳಿದು ಮಸಿನಗುಡಿಗೆ ಹೋದರೆ ಅದು ಮಳೆನೆರಳಿನ ಒಣ ಸೀಮೆ, ಅಲ್ಲಿ ಅದೇ ಪಾಲಿಶ್ ಸಲೀಸಾಗಿ ಆರುತ್ತದೆ. ಒಂದೇ ಜಿಲ್ಲೆಯಲ್ಲಿ ಒಂದೇ ಕೆಲಸಕ್ಕೆ ಮೂರು ಪಂಚಾಂಗ.

ಮರದ ಮೇಲಿನ ಈ ಮಾತುಗಳು ಮನುಷ್ಯರ ಮೇಲೆ ಬಂದಾಗ ಒಂದೊಂದೂ ಒಂದೊಂದು ದಾರಿ ಹಿಡಿದವು. ತಿದ್ದಿ ತೀಡು ಎಂಬುದು ಉಜ್ಜುವ ಕೈಯಿಂದ ಬಂದು ಬರಹಗಾರರ, ಮೇಷ್ಟ್ರುಗಳ ಮಾತಾಯಿತು. ನಯ ಮರದ ಮೈಗೂ ಸಲ್ಲುತ್ತದೆ, ನಡತೆಗೂ ಸಲ್ಲುತ್ತದೆ; ನಡತೆಯಲ್ಲಿ ಅದು ನಯ ವಿನಯ, ಸ್ವಲ್ಪ ಹೆಚ್ಚಾದರೆ ನಯವಂಚನೆ. ನುಣುಪು ದೂರದ ಬೆಟ್ಟಕ್ಕೆ ಹೋಯಿತು; ದೂರದ ಬೆಟ್ಟ ನುಣ್ಣಗೆ ಎನ್ನುವ ಗಾದೆಯನ್ನು ಗುಂಡ್ಲುಪೇಟೆಯಿಂದ ನೀಲಗಿರಿಯನ್ನು ನೋಡಿದವರಿಗೆ ವಿವರಿಸಬೇಕಿಲ್ಲ. ಎರವಲು ಬಂದ ಪಾಲಿಶ್‌ಗೆ ಅನುಮಾನದ ಛಾಯೆ ಅಂಟಿತು: ಪಾಲಿಶ್ ಮಾತು, ಸತ್ವ ಕಳೆದ ಪಾಲಿಶ್ ಅಕ್ಕಿ. ಮೆರುಗಿಗೆ ಈ ಕೆಟ್ಟ ಹೆಸರು ಬಂದಿಲ್ಲ. ಅದರ ಎದುರು ಮಾತು ಮಾಸು. ಮಾಸಿದ್ದು ಮತ್ತೆ ಬರಬಹುದೆಂಬ ಭರವಸೆ ಇವೆರಡರ ನಡುವೆ ಇದೆ. ಇನ್ನು ‘ಮೇಲೆ ಥಳಕು, ಒಳಗೆ ಹುಳುಕು’ ಎಂಬ ಗಾದೆ ಮರಗೆಲಸದ ಪರೀಕ್ಷೆಯೇ ಸರಿ: ಹುಳ ತಿಂದ ಕಾಲಿಗೆ ಎಷ್ಟು ಪದರ ಹಾಕಿದರೂ ಕುರ್ಚಿ ನಿಲ್ಲುವುದಿಲ್ಲ. ಗೋಡೆಗೆ ಸುಣ್ಣ ಬಳಿದು ‘ಹೊಸ ಮೆರುಗು’ ಎಂದು ತಲೆಬರಹ ಹಾಕುವಾಗ ಪತ್ರಿಕೆಗಳು ಈ ಪರೀಕ್ಷೆಯನ್ನು ನೆನೆಯಬೇಕು. ಹಳೆಯದನ್ನು ಹೆರೆದು ಶುದ್ಧ ಮಾಡದೆ ಬಂದ ಹೊಳಪನ್ನು ಈ ಪದ ಹೊರಲಾರದು.

ಕೆಲಸ ಈಗ ಇಳಿಮುಖದಲ್ಲಿದೆ. ಪಿಚಕಾರಿಯಲ್ಲಿ ಸಿಂಪಡಿಸುವ ಪಿಯು ಒಂದೆರಡು ದಿನದಲ್ಲಿ ಮುಗಿಯುತ್ತದೆ, ನೀರಿಗೂ ಬಿಸಿಗೂ ಅಂಜುವುದಿಲ್ಲ. ಹೋಟೆಲ್ಲಿನ ಊಟದ ಮೇಜಿಗೆ ಅದೇ ಸರಿ ಎಂದು ಒಪ್ಪಲೇಬೇಕು. ಸ್ಪಿರಿಟ್ ಸಿಗುವುದೂ ಸುಲಭವಲ್ಲ. ಕುಡಿದರೆ ಪ್ರಾಣ ತೆಗೆಯುವ ಈ ವಸ್ತುವನ್ನು ತಮಿಳುನಾಡು ಮದ್ಯನಿಷೇಧ ಕಾಯಿದೆಯಡಿ ನಿಯಂತ್ರಿಸುತ್ತದೆ. ಅದರಡಿ ಬಂದ 1959ರ ನಿಯಮಗಳ ಹೆಸರಿನಲ್ಲೇ ಫ್ರೆಂಚ್ ಪಾಲಿಶ್ ಕೂಡ ಇದೆ. ಹೊಸ ಬೀಟೆ ಮರ ಸಿಗುವುದೂ ಕಷ್ಟವಾಯಿತು. 1994ರಲ್ಲಿ ತಮಿಳುನಾಡು ಬೀಟೆ ಮರಗಳ ರಕ್ಷಣೆಗೆಂದೇ ಕಾಯಿದೆ ತಂದಿತು, 2017ರಿಂದ ಬೀಟೆಯ ಅಂತರರಾಷ್ಟ್ರೀಯ ವ್ಯಾಪಾರವೂ ಹತೋಟಿಗೆ ಬಂತು. ಗೂಡಲೂರಿನ ಆದಿವಾಸಿ ಕುಶಲಿಗಳು ಈಗ ಕಾಡನ್ನು ನುಂಗುತ್ತಿರುವ ಲಂಟಾನದ ಕಡ್ಡಿಗಳನ್ನು ಬೇಯಿಸಿ, ಸಿಪ್ಪೆ ಸುಲಿದು, ಬಾಗಿಸಿ ಆಳೆತ್ತರ ಮೀರಿದ ಆನೆಗಳನ್ನು ಕಟ್ಟುತ್ತಾರೆ. 2021ರಲ್ಲಿ ಅವು ಲಂಡನ್ನಿನ ಉದ್ಯಾನಗಳಲ್ಲಿ ನಿಂತವು. ಮರದ ಕೆಲಸದ ಮುಂದಿನ ದಾರಿ ಅದಿರಬಹುದು. ಆದರೆ ಕಡಿದು ನೂರು ವರ್ಷವಾದ ಬೀಟೆಯೂ ತೇಗವೂ ಮನೆಗಳಲ್ಲಿ ಇನ್ನೂ ಇವೆ, ಅವಕ್ಕೆ ಬೇಕಾದದ್ದು ಉಂಡೆ ಹಿಡಿದು ನಿಲ್ಲಿಸದೆ ಆಡುವ ಕೈ.

ಅಜ್ಜನ ಕಾಲದ ಕುರ್ಚಿ ಮಾಸಿದೆ ಎಂದು ಗುಜರಿಗೆ ಹಾಕುವ ಮೊದಲು ಅದರ ತಳಭಾಗದಲ್ಲಿ ಒಂದು ಹನಿ ಸ್ಪಿರಿಟ್ ಹಾಕಿ ನೋಡಿ. ಬೆರಳಿಗೆ ಅಂಟಿದರೆ, ಬಲ್ಲವರನ್ನು ಹುಡುಕಿ ಕರೆಸಿ, ಮಂಜು ಬೀಳದ ದಿನಗಳಲ್ಲಿ ಮೆರುಗು ಕೊಡಿಸಿ. ಕರೆಯುವಾಗ ಮೆರುಗು ಎಂದೇ ಹೇಳಿ.